‘ಜಿಗುಪ್ಸೆಗೊಂಡು’ ಎಂಬ ಪದದಿಂದ 12.4 ಎಂಬ ಅಂಕಿಯವರೆಗೆ: ಆತ್ಮಹತ್ಯೆಯನ್ನು ಅಧ್ಯಯನ ಮಾಡುವ ಸಮಾಜಶಾಸ್ತ್ರಜ್ಞರ ಕಸುಬು

‘ಹೊಟ್ಟೆನೋವು ತಾಳಲಾರದೆ, ಜೀವನದಲ್ಲಿ ಜಿಗುಪ್ಸೆಗೊಂಡು...’ ಕನ್ನಡ ಪತ್ರಿಕೆಗಳ ಜಿಲ್ಲಾ ಪುಟ ಓದುವವರಿಗೆ ಈ ವಾಕ್ಯ ಬಾಯಿಪಾಠ. ಹೆಸರು, ವಯಸ್ಸು, ಊರು ಬದಲಾಗುತ್ತವೆ, ವಾಕ್ಯ ಮಾತ್ರ ಹಾಗೇ ಇರುತ್ತದೆ. ಅದು ವರದಿಗಾರರು ಕಟ್ಟಿದ ವಾಕ್ಯವಲ್ಲ, ಪೊಲೀಸ್ ಠಾಣೆಯಿಂದ ಬಂದದ್ದು. ಮನೆಯವರು ಅಳುತ್ತಾ ಹೇಳಿದ್ದನ್ನು ಸ್ಟೇಷನ್ ರೈಟರ್ ತಮ್ಮ ಕೈಗೆ ಒಗ್ಗಿದ ಮಾತಿನಲ್ಲಿ ಬರೆದಿರುತ್ತಾರೆ. ಆ ಕಾಗದ ಜಿಲ್ಲೆಗೆ, ರಾಜ್ಯಕ್ಕೆ, ಅಲ್ಲಿಂದ ದೆಹಲಿಯ ರಾಷ್ಟ್ರೀಯ ಅಪರಾಧ ದಾಖಲೆಗಳ ಬ್ಯೂರೋಗೆ, ಅಂದರೆ ಎನ್‌ಸಿಆರ್‌ಬಿಗೆ, ಸೇರುವಷ್ಟರಲ್ಲಿ ‘ಹೊಟ್ಟೆನೋವು’ ಹೋಗಿ ‘ಅನಾರೋಗ್ಯ’ ಎಂಬ ಕಾಲಂನಲ್ಲಿ ಒಂದು ಅಂಕಿ ಆಗಿರುತ್ತದೆ. 2022ರ ವರದಿಯಲ್ಲಿ ದೇಶದ ಒಟ್ಟು ಆತ್ಮಹತ್ಯೆ 1,70,924. ಕಾರಣಗಳಲ್ಲಿ ಕೌಟುಂಬಿಕ ಸಮಸ್ಯೆ ಶೇ 31.7, ಅನಾರೋಗ್ಯ ಶೇ 18.4. ಲಕ್ಷ ಜನಸಂಖ್ಯೆಗೆ ದರ 12.4.

ಆತ್ಮಹತ್ಯೆಯನ್ನು ಅಧ್ಯಯನ ಮಾಡುವ ಸಮಾಜಶಾಸ್ತ್ರಜ್ಞರು ತಮ್ಮ ವೃತ್ತಿಯ ಬಹುಭಾಗವನ್ನು ಕಳೆಯುವುದು ಇಂಥ ಅಂಕಿಯ ಜೊತೆಗೇ. ಅದನ್ನು ವಿವರಿಸುವುದು ಕೆಲಸದ ಅರ್ಧ. ಅದು ಹುಟ್ಟಿದ್ದು ಹೇಗೆ, ಯಾರ ಕೈಯಲ್ಲಿ, ಯಾವ ಒತ್ತಡದಲ್ಲಿ ಎಂದು ಬಿಡಿಸಿ ನೋಡುವುದು ಇನ್ನರ್ಧ. ಈ ಎರಡನೆಯ ಅರ್ಧವನ್ನು ಕಲಿಯದೆ ಮೊದಲನೆಯದಕ್ಕೆ ಕೈಹಾಕಿದವರು ಸಾಮಾನ್ಯವಾಗಿ ಎಡವುತ್ತಾರೆ. ಈ ಕ್ಷೇತ್ರದ ಮೂಲಪುರುಷ ಎಮಿಲ್ ಡರ್ಕೈಮ್ ಕೂಡ ಎಡವಿದ್ದ.

ಮೊದಲು ಪ್ರಶ್ನೆ ಯಾವುದು ಎಂಬುದನ್ನು ಸರಿಯಾಗಿ ಹಿಡಿಯಬೇಕು. ‘ಈ ವ್ಯಕ್ತಿ ಯಾಕೆ ಹೀಗೆ ಮಾಡಿಕೊಂಡ?’ ಎನ್ನುವುದು ಮನೋವೈದ್ಯರ, ಮನೆಯವರ ಪ್ರಶ್ನೆ. ‘ಈ ಜಿಲ್ಲೆಯಲ್ಲಿ ವರ್ಷ ವರ್ಷವೂ ಹೆಚ್ಚುಕಡಿಮೆ ಇಷ್ಟೇ ಜನ ಯಾಕೆ? ಪಕ್ಕದ ಜಿಲ್ಲೆಯಲ್ಲಿ ಅದರ ಅರ್ಧ ಯಾಕೆ?’ ಎನ್ನುವುದು ಸಮಾಜಶಾಸ್ತ್ರದ ಪ್ರಶ್ನೆ. ಸಾಯುವವರು ಪ್ರತಿವರ್ಷ ಬೇರೆ ಬೇರೆ ಜನ, ದರ ಮಾತ್ರ ಹೆಚ್ಚು ಅಲುಗುವುದಿಲ್ಲ. ಬ್ರಿಟನ್ನಿನ ವೈದ್ಯ ಜೆಫ್ರಿ ರೋಸ್ 1985ರಲ್ಲಿ ಇದನ್ನೇ ಎಲ್ಲ ಕಾಯಿಲೆಗಳಿಗೂ ಅನ್ವಯಿಸಿ ಹೇಳಿದರು: ಒಬ್ಬನಿಗೆ ಕಾಯಿಲೆ ಬರುವ ಕಾರಣವೂ ಒಂದು ಜನಸಮುದಾಯದಲ್ಲಿ ಆ ಕಾಯಿಲೆಯ ಮಟ್ಟ ಹೆಚ್ಚಿರುವ ಕಾರಣವೂ ಒಂದೇ ಆಗಿರಬೇಕಿಲ್ಲ. ಸೋಶಿಯಲ್ ಎಪಿಡೆಮಿಯಾಲಜಿ ನಿಂತಿರುವುದು ಈ ವ್ಯತ್ಯಾಸದ ಮೇಲೆ. ಕನ್ನಡದಲ್ಲಿ ಎಪಿಡೆಮಿಯಾಲಜಿಗೆ ‘ಸಾಂಕ್ರಾಮಿಕ ರೋಗಶಾಸ್ತ್ರ’ ಎಂಬ ಅನುವಾದ ಚಾಲ್ತಿಯಲ್ಲಿದೆ, ಆದರೆ ಅದು ದಾರಿ ತಪ್ಪಿಸುತ್ತದೆ. ಅಂಟುವುದು, ಅಂಟದ್ದು ಎಂಬ ಭೇದವಿಲ್ಲದೆ ಯಾವ ತೊಂದರೆ ಯಾರಲ್ಲಿ, ಎಲ್ಲಿ, ಎಷ್ಟು ಎಂದು ಲೆಕ್ಕ ಹಾಕುವ ಶಾಸ್ತ್ರ ಅದು.

ಇಪ್ಪತ್ತಾರು ಸಾವಿರ ಕಡತಗಳು

ಎಮಿಲ್ ಡರ್ಕೈಮ್ ಹುಟ್ಟಿದ್ದು 1858ರಲ್ಲಿ, ಫ್ರಾನ್ಸಿನ ಎಪಿನಾಲ್ ಎಂಬ ಊರಲ್ಲಿ, ಯಹೂದಿ ಧರ್ಮಗುರುವಿನ ಮಗನಾಗಿ. ಪ್ಯಾರಿಸ್ಸಿನ ಎಕೋಲ್ ನೊರ್ಮಾಲ್‌ನಲ್ಲಿ ಓದಿ, ಕೆಲ ವರ್ಷ ಪ್ರೌಢಶಾಲೆಗಳಲ್ಲಿ ತತ್ತ್ವಶಾಸ್ತ್ರ ಕಲಿಸಿ, 1887ರಲ್ಲಿ ಬೋರ್ಡೊ ವಿಶ್ವವಿದ್ಯಾಲಯ ಸೇರಿದ. ಆಗ ಸಮಾಜಶಾಸ್ತ್ರಕ್ಕೆ ಹುದ್ದೆಯೇ ಇರಲಿಲ್ಲ. ಅವನನ್ನು ತೆಗೆದುಕೊಂಡದ್ದು ‘ಸಮಾಜವಿಜ್ಞಾನ ಮತ್ತು ಬೋಧನಶಾಸ್ತ್ರ’ ಎಂಬ ಜೋಡಿ ಹುದ್ದೆಗೆ. ಸಂಬಳ ಮುಖ್ಯವಾಗಿ ಶಾಲಾ ಮೇಷ್ಟ್ರುಗಳಿಗೆ ಪಾಠ ಮಾಡಿದ್ದಕ್ಕೆ. ಆತ್ಮಹತ್ಯೆಯ ಬಗ್ಗೆ ಅಲ್ಲಿ ಉಪನ್ಯಾಸ ಕೊಡಲು ಶುರುಮಾಡಿದ್ದು 1889–90ರ ಹೊತ್ತಿಗೆ, ಪುಸ್ತಕ ಬಂದದ್ದು 1897ರಲ್ಲಿ. 1902ರಲ್ಲಿ ಸೊರ್ಬಾನ್‌ಗೆ ಹೋದದ್ದೂ ಶಿಕ್ಷಣದ ಪೀಠಕ್ಕೇ, ಪೀಠದ ಹೆಸರಿಗೆ ‘ಸಮಾಜಶಾಸ್ತ್ರ’ ಸೇರಿಕೊಂಡದ್ದು 1913ರಲ್ಲಿ. ಬೇರೆ ಇಲಾಖೆಯ ಸಂಬಳದಲ್ಲಿ ಆತ್ಮಹತ್ಯೆಯ ಸಮಾಜಶಾಸ್ತ್ರ ಮಾಡುವ ಪರಂಪರೆ ಅಂದೇ ಶುರುವಾಯಿತು. ಇಂದಿಗೂ ಈ ವಿಷಯದವರು ಸಾರ್ವಜನಿಕ ಆರೋಗ್ಯ, ಸಮಾಜಕಾರ್ಯ, ಮನೋವೈದ್ಯಕೀಯ ವಿಭಾಗಗಳಲ್ಲಿ ಹರಡಿಕೊಂಡಿದ್ದಾರೆ.

ಅವನ ಮುಂದಿದ್ದ ತೊಡಕು ಇವತ್ತಿನ ಸಂಶೋಧನಾ ವಿದ್ಯಾರ್ಥಿಗೂ ಪರಿಚಿತವೇ. ಸರ್ಕಾರ ಅಚ್ಚುಹಾಕಿದ ಕೋಷ್ಟಕಗಳಲ್ಲಿ ವಯಸ್ಸು, ಲಿಂಗ, ವೈವಾಹಿಕ ಸ್ಥಿತಿ ಬಿಡಿಬಿಡಿಯಾಗಿ ಸಿಗುತ್ತಿದ್ದವು, ಒಟ್ಟುಗೂಡಿಸಿ ಅಲ್ಲ. ಮದುವೆಯಾದವರು ಕಡಿಮೆ ಸಾಯುತ್ತಾರೆಯೇ ಎಂದು ಕೇಳುವಾಗ, ಮದುವೆಯಾಗದವರಲ್ಲಿ ಹೆಚ್ಚಿನವರು ಚಿಕ್ಕ ವಯಸ್ಸಿನವರು ಎಂಬುದನ್ನು ಬಿಟ್ಟು ಲೆಕ್ಕ ಹಾಕಿದರೆ ಉತ್ತರ ತಲೆಕೆಳಗು. ಹಾಗಾಗಿ ಅವನ ಸೋದರಳಿಯ ಮಾರ್ಸೆಲ್ ಮೌಸ್ ನ್ಯಾಯ ಮಂತ್ರಾಲಯದಲ್ಲಿ ಕೂತು ಸುಮಾರು 26,000 ಆತ್ಮಹತ್ಯೆಗಳ ಕಡತಗಳನ್ನು ಕೈಯಲ್ಲೇ ವಿಂಗಡಿಸಿದ: ವಯಸ್ಸು, ಲಿಂಗ, ಮದುವೆ, ಮಕ್ಕಳು ಇದ್ದರೋ ಇಲ್ಲವೋ. ಇಂದು ಕಂಪ್ಯೂಟರಿನಲ್ಲಿ ಕ್ಷಣದಲ್ಲಿ ಮುಗಿಯುವ ಕೆಲಸ. ಒಂದು ಸ್ವಾರಸ್ಯವೂ ಉಂಟು. ಆ ಕಡತಗಳಿಗೆ ಬಾಗಿಲು ತೆರೆದುಕೊಟ್ಟದ್ದು ಅಂಕಿಅಂಶ ವಿಭಾಗದ ಮುಖ್ಯಸ್ಥನಾಗಿದ್ದ ಗೇಬ್ರಿಯಲ್ ಟಾರ್ಡ್, ಅಂದರೆ ಡರ್ಕೈಮ್‌ನ ಕಡು ಎದುರಾಳಿ. ಸಮಾಜ ನಡೆಯುವುದೇ ಅನುಕರಣೆಯಿಂದ ಎಂಬುದು ಟಾರ್ಡ್‌ನ ವಾದ. ಅನುಕರಣೆಯಿಂದ ಆತ್ಮಹತ್ಯೆಯ ದರ ಬದಲಾಗುವುದಿಲ್ಲ ಎಂದು ಡರ್ಕೈಮ್ ಒಂದು ಅಧ್ಯಾಯವನ್ನೇ ಬರೆದ, ಟಾರ್ಡ್ ಕೊಟ್ಟ ಕಾಗದಗಳನ್ನು ಪಕ್ಕದಲ್ಲಿಟ್ಟುಕೊಂಡು.

ಡರ್ಕೈಮ್‌ನ ಉತ್ತರವನ್ನು ಎರಡು ಅಳತೆಗೋಲುಗಳಲ್ಲಿ ಹೇಳಬಹುದು. ಒಂದು, ಜನರ ನಡುವಿನ ಬೆಸುಗೆ. ಎರಡು, ಆಸೆಗೆ ಸಮಾಜ ಹಾಕುವ ಕಟ್ಟು. ಬೆಸುಗೆ ಸಡಿಲವಾದರೂ ಅತಿಯಾದರೂ ಅಪಾಯ, ಕಟ್ಟು ಸಡಿಲವಾದರೂ ಬಿಗಿಯಾದರೂ ಅಪಾಯ. ಹೀಗೆ ನಾಲ್ಕು ಬಗೆ. ಮೂರಕ್ಕೆ ಪುಟಗಟ್ಟಲೆ ಬರೆದ. ನಾಲ್ಕನೆಯದನ್ನು, ಅಂದರೆ ಕಟ್ಟುಪಾಡು ಉಸಿರುಗಟ್ಟಿಸಿದಾಗ ಆಗುವ ಸಾವನ್ನು, ಒಂದು ಅಡಿಟಿಪ್ಪಣಿಯಲ್ಲಿ ಮುಗಿಸಿದ. ತೀರ ಎಳೆಯ ವಯಸ್ಸಿನಲ್ಲಿ ಮದುವೆಯಾದ ಗಂಡಂದಿರು, ಮಕ್ಕಳಿಲ್ಲದ ಹೆಂಡತಿಯರು, ಗುಲಾಮರು ಅದರ ಉದಾಹರಣೆಗಳು. ಅದಕ್ಕೆ ಹೆಚ್ಚು ಮಹತ್ವವಿಲ್ಲ ಎಂದೂ ಬರೆದ. ಭಾರತದ ಅಂಕಿಗಳನ್ನು ನೋಡಿದವರಿಗೆ ಆ ಅಡಿಟಿಪ್ಪಣಿಯೇ ಮುಖ್ಯ ಅಧ್ಯಾಯ ಆಗಬೇಕಿತ್ತು ಅನ್ನಿಸುತ್ತದೆ. ನಮ್ಮಲ್ಲಿ ಮದುವೆ ಹೆಣ್ಣುಮಕ್ಕಳನ್ನು ಕಾಯುವಂತೆ ಕಾಣುವುದಿಲ್ಲ. 2018ರಲ್ಲಿ ಬಂದ ರಾಜ್ಯವಾರು ಅಧ್ಯಯನದ ಪ್ರಕಾರ, ಆತ್ಮಹತ್ಯೆಯಿಂದ ಸತ್ತ ಭಾರತೀಯ ಮಹಿಳೆಯರಲ್ಲಿ ದೊಡ್ಡ ಪಾಲು ಮದುವೆಯಾದವರದೇ. 2016ರಲ್ಲಿ ಜಗತ್ತಿನಲ್ಲಿ ಹೀಗೆ ಸತ್ತ ಮಹಿಳೆಯರಲ್ಲಿ ಶೇ 36.6ರಷ್ಟು ಭಾರತದವರು ಎಂದೂ ಅದು ಅಂದಾಜಿಸಿತು.

ಎಡವಿದ್ದು ಎಲ್ಲಿ

ಡರ್ಕೈಮ್‌ನ ಅತಿ ಪ್ರಸಿದ್ಧ ವಾದ: ಪ್ರಾಟೆಸ್ಟಂಟರಲ್ಲಿ ಕ್ಯಾಥೊಲಿಕರಿಗಿಂತ ಆತ್ಮಹತ್ಯೆ ಹೆಚ್ಚು, ಏಕೆಂದರೆ ಅವರ ಚರ್ಚಿನ ಬೆಸುಗೆ ಸಡಿಲ. ಇದಕ್ಕೆ ಅವನು ಒಡ್ಡಿದ ಪುರಾವೆಯಲ್ಲಿ ಬಹುಪಾಲು ಪ್ರದೇಶಗಳದ್ದು. ಪ್ರಾಟೆಸ್ಟಂಟರು ಹೆಚ್ಚಿರುವ ಪ್ರಾಂತ್ಯದಲ್ಲಿ ದರ ಹೆಚ್ಚು, ಅಷ್ಟೆ. ಆದರೆ ಸತ್ತವರು ಯಾರು? ಪ್ರಾಟೆಸ್ಟಂಟರ ಊರಲ್ಲಿ ಒಂಟಿಯಾಗಿದ್ದ ಕ್ಯಾಥೊಲಿಕರೂ ಆಗಿರಬಹುದಲ್ಲ? ಪ್ರದೇಶದ ಸರಾಸರಿಯಿಂದ ವ್ಯಕ್ತಿಯ ಬಗ್ಗೆ ತೀರ್ಮಾನಕ್ಕೆ ಹಾರುವ ಈ ತಪ್ಪನ್ನು ಡಬ್ಲ್ಯು. ಎಸ್. ರಾಬಿನ್ಸನ್ 1950ರಲ್ಲಿ ಲೆಕ್ಕ ಸಮೇತ ತೋರಿಸಿದರು. ಅಮೆರಿಕದ 1930ರ ಜನಗಣತಿಯಲ್ಲಿ ವ್ಯಕ್ತಿ ವ್ಯಕ್ತಿಯಾಗಿ ನೋಡಿದರೆ ವಿದೇಶದಲ್ಲಿ ಹುಟ್ಟಿದವರಲ್ಲಿ ಅನಕ್ಷರತೆ ತುಸು ಹೆಚ್ಚು, ಸಹಸಂಬಂಧ (ಮೈನಸ್ 1ರಿಂದ 1ರವರೆಗಿನ ಅಳತೆ) 0.12ರಷ್ಟು. ಅದನ್ನೇ ರಾಜ್ಯವಾರು ಸರಾಸರಿಯಲ್ಲಿ ನೋಡಿದರೆ ಸಂಬಂಧ ತಿರುಗಿಬಿದ್ದು ಮೈನಸ್ 0.53! ವಲಸಿಗರು ಸಾಕ್ಷರತೆ ಹೆಚ್ಚಿದ್ದ ರಾಜ್ಯಗಳಲ್ಲೇ ನೆಲೆಸಿದ್ದರು, ಅದಕ್ಕೆ ಹೀಗಾಯಿತು. ‘ಸಾಕ್ಷರತೆ ಹೆಚ್ಚಿರುವ ಕೇರಳದಲ್ಲಿ ಆತ್ಮಹತ್ಯೆ ಹೆಚ್ಚು, ಹಾಗಾಗಿ ಓದಿದವರೇ ಹೆಚ್ಚು ಸಾಯುತ್ತಾರೆ’ ಎಂಬ ಟಿವಿ ಚರ್ಚೆಯ ವಾದ ಇದೇ ತಪ್ಪಿನ ಮರಿ.

ಡರ್ಕೈಮ್‌ನ ವಾದಕ್ಕೆ ಬಿದ್ದ ಇನ್ನೊಂದು ಪೆಟ್ಟು ನೆದರ್ಲೆಂಡ್ಸಿನಿಂದ. 1905ರಿಂದ 1910ರವರೆಗಿನ ಅಲ್ಲಿನ ಮರಣ ದಾಖಲೆಗಳಲ್ಲಿ ಸತ್ತವರ ಧರ್ಮವೂ ಇತ್ತು. ವಾನ್ ಪೊಪೆಲ್ ಮತ್ತು ಡೇ 1996ರಲ್ಲಿ ಅವನ್ನು ತೆಗೆದು ನೋಡಿದರು. ಆತ್ಮಹತ್ಯೆ ಎಂದು ಬರೆದಿದ್ದ ಸಾವುಗಳಲ್ಲಿ ಕ್ಯಾಥೊಲಿಕರು ಕಡಿಮೆ, ಸರಿ. ಆದರೆ ‘ಹಠಾತ್ ಸಾವು’, ‘ಕಾರಣ ಅಸ್ಪಷ್ಟ’ ಎಂಬ ಕಾಲಂಗಳಲ್ಲಿ ಅವರೇ ಹೆಚ್ಚು. ಆ ಕಾಲಂಗಳನ್ನೂ ಸೇರಿಸಿದರೆ ಅಂತರವೆಲ್ಲ ಬಹುಮಟ್ಟಿಗೆ ಕರಗಿಹೋಯಿತು. ಆತ್ಮಹತ್ಯೆ ಪಾಪ ಎನ್ನುವ ಚರ್ಚು, ಮರ್ಯಾದೆಗೆ ಅಂಜುವ ಮನೆಯವರು, ಅವರ ನೋವು ನೋಡಲಾರದ ಊರಿನ ವೈದ್ಯ, ಈ ಮೂವರೂ ಸೇರಿ ಬೇರೆ ಕಾಲಂ ತುಂಬಿಸಿದ್ದರು. ಹೀಗೆ ಬೆಸುಗೆ ಬಿಗಿಯಿದ್ದ ಕಡೆ ಸಾವು ಕಡಿಮೆ ಆದದ್ದಕ್ಕಿಂತ ಸಾವಿನ ಹೆಸರು ಬದಲಾದದ್ದೇ ಹೆಚ್ಚು.

ಈ ಅನುಮಾನವನ್ನು ಕೊನೆಯವರೆಗೂ ಎಳೆದವರು ಜ್ಯಾಕ್ ಡಗ್ಲಾಸ್ 1967ರಲ್ಲಿ, ಮ್ಯಾಕ್ಸ್‌ವೆಲ್ ಅಟ್ಕಿನ್ಸನ್ 1978ರಲ್ಲಿ. ಅಟ್ಕಿನ್ಸನ್ ಇಂಗ್ಲೆಂಡಿನ ಕೊರೊನರ್‌ಗಳು, ಅಂದರೆ ಅಸಹಜ ಸಾವಿನ ವಿಚಾರಣೆ ಮಾಡುವ ಅಧಿಕಾರಿಗಳು, ತೀರ್ಪು ಬರೆಯುವ ಬಗೆಯನ್ನು ನೋಡಿದರು. ಚೀಟಿ ಸಿಕ್ಕಿತೇ, ಒಂಟಿಯಾಗಿದ್ದನೇ, ಸಂಸಾರ ಮುರಿದಿತ್ತೇ, ಈಚೆಗೆ ಮನಸ್ಸು ಕುಗ್ಗಿತ್ತೇ ಎಂದು ಅವರು ಹುಡುಕುತ್ತಾರೆ. ಇದ್ದರೆ ‘ಆತ್ಮಹತ್ಯೆ’, ಇಲ್ಲದಿದ್ದರೆ ‘ಅಪಘಾತ’. ಈಗ ವೃತ್ತ ನೋಡಿ: ಒಂಟಿಗಳು ಹಾಗೆ ಸಾಯುತ್ತಾರೆ ಎಂದು ನಂಬಿದ ಅಧಿಕಾರಿ ಒಂಟಿಗಳ ಸಾವನ್ನು ಆತ್ಮಹತ್ಯೆ ಎಂದು ಬರೆಯುತ್ತಾನೆ. ಸಮಾಜಶಾಸ್ತ್ರಜ್ಞ ಆ ಪಟ್ಟಿ ತೆಗೆದುಕೊಂಡು, ಒಂಟಿತನ ಆತ್ಮಹತ್ಯೆಗೆ ಕಾರಣ ಎಂದು ‘ಕಂಡುಹಿಡಿಯುತ್ತಾನೆ’.

ಹಾಗಾದರೆ ಅಂಕಿಗಳನ್ನೆಲ್ಲ ಕಸದ ಬುಟ್ಟಿಗೆ ಹಾಕಬೇಕೇ? ಬೇಡ. ಬರ್ನಿಸ್ ಪೆಸ್ಕೊಸೊಲಿಡೊ ಮತ್ತು ರಾಬರ್ಟ್ ಮೆಂಡೆಲ್‌ಸನ್ 1986ರಲ್ಲಿ ಅಮೆರಿಕದ ದಾಖಲೆಗಳ ಮೇಲೆ ಇದನ್ನು ಪರೀಕ್ಷಿಸಿದರು. ತಪ್ಪು ದಾಖಲಾತಿ ಇದೆ, ಅದಕ್ಕೊಂದು ಮಾದರಿಯೂ ಇದೆ, ಆದರೆ ಸಾಮಾಜಿಕ ಕಾರಣಗಳ ಲೆಕ್ಕವನ್ನು ಅದು ಅಷ್ಟೇನೂ ಕೆಡಿಸುವುದಿಲ್ಲ ಎಂಬುದು ಅವರ ಉತ್ತರ. ಇದು ಅಮೆರಿಕದ ಮಾತು. ದೇಶ ಬದಲಾದರೆ ಪರೀಕ್ಷೆ ಹೊಸದಾಗಿ ಮಾಡಬೇಕು.

ದರದ ಲೆಕ್ಕ ಕೆಡುವ ಮೂರು ಜಾಗ

ದರದ ಸೂತ್ರ ಸರಳ: ಸತ್ತವರ ಸಂಖ್ಯೆಯನ್ನು ಜನಸಂಖ್ಯೆಯಿಂದ ಭಾಗಿಸಿ ಲಕ್ಷದಿಂದ ಗುಣಿಸುವುದು. 2022ರಲ್ಲಿ ಸಂಖ್ಯೆಯಲ್ಲಿ ಮೊದಲು ಮಹಾರಾಷ್ಟ್ರ, 22,746. ಕರ್ನಾಟಕ 13,606. ಆದರೆ ದರ ನೋಡಿದರೆ ಮಹಾರಾಷ್ಟ್ರ 18.1, ಕರ್ನಾಟಕ 20.2, ಕೇರಳ 28.5. ‘ಮಹಾರಾಷ್ಟ್ರ ನಂಬರ್ ಒನ್’ ಎಂಬ ಶೀರ್ಷಿಕೆ ಅಲ್ಲಿಗೇ ಬಿದ್ದುಹೋಗುತ್ತದೆ. ಕೆಡುವ ಮೊದಲ ಜಾಗ, ಭಾಗಿಸಲು ಬಳಸುವ ಜನಸಂಖ್ಯೆ. ಅದಾದರೂ ಗಟ್ಟಿಯೇ? ಕೊನೆಯ ಜನಗಣತಿ 2011ರದ್ದು. 2022ರ ದರಗಳಿಗೆ ಬಳಸಿದ್ದು ಅಂದಾಜಿನ ಜನಸಂಖ್ಯೆ. ವಲಸೆ ಹೆಚ್ಚಿರುವ ಬೆಂಗಳೂರಿನಂಥ ನಗರದಲ್ಲಿ ಆ ಅಂದಾಜು ತಪ್ಪಿದಷ್ಟೂ ದರ ತಪ್ಪುತ್ತದೆ.

ಎರಡನೆಯದು ವಯಸ್ಸು. ಎರಡು ಊರು ಇಟ್ಟುಕೊಳ್ಳಿ. ಎರಡರಲ್ಲೂ ಯುವಕರ ದರ 30, ಉಳಿದವರದ್ದು 10. ಮೊದಲ ಊರಿನಲ್ಲಿ ಯುವಕರು ಶೇ 60. ಒಟ್ಟು ದರ 22. ಎರಡನೆಯದರಲ್ಲಿ ಯುವಕರು ಶೇ 30. ಒಟ್ಟು ದರ 16. ಯಾವ ವಯಸ್ಸಿನವರಿಗೂ ಅಪಾಯ ಒಂದಿಷ್ಟೂ ಬೇರೆ ಇಲ್ಲ, ಆದರೂ ಮೊದಲ ಊರು ‘ಕೆಟ್ಟ ಊರು’ ಎನಿಸಿಕೊಳ್ಳುತ್ತದೆ. ಅದಕ್ಕೇ ಎರಡಕ್ಕೂ ಒಂದೇ ವಯೋಹಂಚಿಕೆ ಕೊಟ್ಟು ಮತ್ತೆ ಲೆಕ್ಕ ಹಾಕುತ್ತಾರೆ. ಇದು ಎಳೆಯ ವಿದ್ಯಾರ್ಥಿಗಳ ತಪ್ಪು ಅಂದುಕೊಳ್ಳಬೇಡಿ. 2015ರಲ್ಲಿ ಆನ್ ಕೇಸ್ ಮತ್ತು ಆಂಗಸ್ ಡೀಟನ್ ಅಮೆರಿಕದ ನಡುವಯಸ್ಸಿನ ಬಿಳಿಯರಲ್ಲಿ ಸಾವು ಏರುತ್ತಿದೆ, ಅದರಲ್ಲಿ ಆತ್ಮಹತ್ಯೆಯ ಪಾಲೂ ಇದೆ ಎಂದು ತೋರಿಸಿದಾಗ, ಸಂಖ್ಯಾಶಾಸ್ತ್ರಜ್ಞ ಆಂಡ್ರೂ ಗೆಲ್ಮನ್ ಒಂದು ಸಣ್ಣ ಸಂಗತಿ ಎತ್ತಿದರು. 45ರಿಂದ 54 ಎಂಬ ಆ ಗುಂಪಿನ ಒಳಗೇ ಸರಾಸರಿ ವಯಸ್ಸು ಏರಿತ್ತು. ಅದನ್ನು ಸರಿಪಡಿಸಿದಾಗ ಏರಿಕೆಯ ಆಕಾರವೇ ಬದಲಾಯಿತು.

ಮೂರನೆಯದು ಸಣ್ಣ ಸಂಖ್ಯೆ. ಎರಡು ಲಕ್ಷ ಜನರ ತಾಲ್ಲೂಕು, ದರ 20 ಅಂದರೆ ವರ್ಷಕ್ಕೆ 40 ಸಾವು. ಇಂಥ ಎಣಿಕೆ ಕೇವಲ ಆಕಸ್ಮಿಕವಾಗಿ ಎಷ್ಟು ತೂಗಾಡುತ್ತದೆ ಎಂದು ತಿಳಿಯಲು ಅದರ ವರ್ಗಮೂಲದ ಎರಡರಷ್ಟನ್ನು ಕೂಡಿ, ಕಳೆದು ನೋಡಬೇಕು. 40ರ ವರ್ಗಮೂಲ ಸುಮಾರು 6.3. ಹಾಗಾಗಿ ಒಂದು ವರ್ಷ 27, ಇನ್ನೊಂದು ವರ್ಷ 53 ಬಂದರೂ ಊರಲ್ಲಿ ಏನೂ ಬದಲಾಗಿಲ್ಲದಿರಬಹುದು. ‘ತಾಲ್ಲೂಕಿನಲ್ಲಿ ಆತ್ಮಹತ್ಯೆ ಎರಡು ಪಟ್ಟು’ ಎಂಬ ಸುದ್ದಿ ಬಂದಾಗ ಮೊದಲು ಮಾಡಬೇಕಾದದ್ದು ಈ ಲೆಕ್ಕ. ತಾಲ್ಲೂಕು ಮಟ್ಟದಲ್ಲಿ ಕೆಲಸ ಮಾಡುವವರು ಮೂರು ಅಥವಾ ಐದು ವರ್ಷಗಳನ್ನು ಒಟ್ಟು ಸೇರಿಸುವುದು ಇದಕ್ಕೇ.

ಠಾಣೆಯಲ್ಲಿ ಹುಟ್ಟುವ ಅಂಕಿ

ನಮ್ಮಲ್ಲಿ ಅಸಹಜ ಸಾವು ಎಂದರೆ ಮೊದಲು ಯುಡಿಆರ್, ಅಂದರೆ ಠಾಣೆಯಲ್ಲಿ ಬರೆಯುವ ಅಸಹಜ ಸಾವಿನ ವರದಿ. 2024ರ ಜೂನ್ ಕೊನೆಯವರೆಗೆ ದಂಡ ಪ್ರಕ್ರಿಯಾ ಸಂಹಿತೆ (ಸಿಆರ್‌ಪಿಸಿ) 174ರ ಅಡಿ, ಈಗ ಅದರ ಜಾಗಕ್ಕೆ ಬಂದ ಬಿಎನ್‌ಎಸ್‌ಎಸ್ 194ರ ಅಡಿ. ಪಂಚನಾಮೆ, ಮರಣೋತ್ತರ ಪರೀಕ್ಷೆ, ಹೇಳಿಕೆಗಳು ಎಲ್ಲ ಅದರ ಹಿಂದೆ. ಮದುವೆಯಾಗಿ ಏಳು ವರ್ಷದೊಳಗಿನ ಹೆಣ್ಣುಮಗಳಾದರೆ ತಹಶೀಲ್ದಾರರು ಬಂದು ಪಂಚನಾಮೆ ಮಾಡುತ್ತಾರೆ, ವರದಕ್ಷಿಣೆ ಸಾವಿನ ಪ್ರಶ್ನೆಯೂ ಏಳುತ್ತದೆ. ಹೀಗಾಗಿ ಗಂಡನ ಮನೆಯವರಿಗೆ ಅದು ‘ಆಕಸ್ಮಿಕ’ ಆಗಿರಬೇಕು, ತವರಿನವರಿಗೆ ‘ಕೊಲೆ’ ಆಗಿರಬೇಕು. ‘ಆತ್ಮಹತ್ಯೆ’ ಎಂಬ ಪದ ಇಬ್ಬರಿಗೂ ಬೇಡ. ಆತ್ಮಹತ್ಯೆಗೆ ಯತ್ನಿಸುವುದೇ ಅಪರಾಧ ಎನ್ನುತ್ತಿದ್ದ ಐಪಿಸಿ 309 ಕೂಡ ಬಾಯಿ ಮುಚ್ಚಿಸುತ್ತಿತ್ತು. 2017ರ ಮಾನಸಿಕ ಆರೋಗ್ಯ ಆರೈಕೆ ಕಾಯ್ದೆಯ 115ನೇ ಸೆಕ್ಷನ್ ಅದರ ಹಲ್ಲು ಕಿತ್ತಿತು, ಹೊಸ ನ್ಯಾಯ ಸಂಹಿತೆಯಲ್ಲಿ ಆ ಸೆಕ್ಷನ್ ಇಲ್ಲ. ಆದರೂ ಆಸ್ಪತ್ರೆಯ ಕ್ಯಾಷುವಾಲ್ಟಿಯಲ್ಲಿ ಎಂಎಲ್‌ಸಿ, ಅಂದರೆ ಪೊಲೀಸರಿಗೆ ತಿಳಿಸಬೇಕಾದ ಪ್ರಕರಣ, ಎಂದ ತಕ್ಷಣ ‘ತಪ್ಪಿ ಆಯ್ತು ಅಂತ ಬರ್ಕೊಳಿ ಸಾರ್’ ಎನ್ನುವ ದನಿ ನಿಂತಿಲ್ಲ.

ಇದರ ಪರಿಣಾಮವನ್ನು ಅಳೆದದ್ದು ದಶಲಕ್ಷ ಸಾವುಗಳ ಅಧ್ಯಯನ. ಠಾಣೆಯನ್ನು ಬಿಟ್ಟು ಮನೆಗೇ ಹೋಗುವ ದಾರಿ ಅದು. ರಿಜಿಸ್ಟ್ರಾರ್ ಜನರಲ್ ಅವರ ಮಾದರಿ ನೋಂದಣಿ ವ್ಯವಸ್ಥೆಯ ಮನೆಗಳಿಗೆ ಸಿಬ್ಬಂದಿ ಹೋಗಿ ಸಾವಿನ ಹಿಂದಿನ ದಿನಗಳ ಬಗ್ಗೆ ಕೇಳಿ ಬರೆದುಕೊಳ್ಳುತ್ತಾರೆ. ಆ ಬರಹವನ್ನು ಇಬ್ಬರು ವೈದ್ಯರು ಬೇರೆ ಬೇರೆಯಾಗಿ ಓದಿ ಕಾರಣ ಗುರುತಿಸುತ್ತಾರೆ, ಒಮ್ಮತವಾಗದಿದ್ದರೆ ಮೂರನೆಯ ಹಿರಿಯ ವೈದ್ಯರಿಗೆ ಹೋಗುತ್ತದೆ. ಇದಕ್ಕೆ ಮೌಖಿಕ ಶವಪರೀಕ್ಷೆ ಎಂದು ಹೆಸರು. 2001–03ರ ದಾಖಲೆಗಳಲ್ಲಿ 15 ದಾಟಿದವರ 95,335 ಸಾವುಗಳ ಪೈಕಿ 2,684 ಆತ್ಮಹತ್ಯೆ ಎಂದು ಬಂತು. ಅದನ್ನು 2010ಕ್ಕೆ ಅನ್ವಯಿಸಿದಾಗ ಸುಮಾರು 1,87,000. ಆ ವರ್ಷ ಪೊಲೀಸ್ ಲೆಕ್ಕ ಸುಮಾರು 1,34,600. 2012ರಲ್ಲಿ ಪ್ರಕಟವಾದ ಆ ವರದಿಯ ಪ್ರಕಾರ ಗಂಡಸರಲ್ಲಿ ಕನಿಷ್ಠ ಶೇ 25, ಹೆಂಗಸರಲ್ಲಿ ಕನಿಷ್ಠ ಶೇ 36ರಷ್ಟು ಸಾವು ಲೆಕ್ಕ ತಪ್ಪಿದ್ದವು. ಹೆಂಗಸರದೇ ಯಾಕೆ ಹೆಚ್ಚು ತಪ್ಪಿತು ಎಂಬುದಕ್ಕೆ ಮೇಲಿನ ತಹಶೀಲ್ದಾರರ ಪಂಚನಾಮೆಯನ್ನು ನೆನೆಯಿರಿ. 2022ರಲ್ಲಿ ಬಿಹಾರದ ದರ 0.6 ಎಂದರೆ ಅಲ್ಲಿನ ಬದುಕು ಕೇರಳಕ್ಕಿಂತ ನಲವತ್ತೇಳು ಪಟ್ಟು ಹಸನು ಎಂದು ಓದುವ ಬದಲು ಬರೆಯುವ ಕೈಯತ್ತ ನೋಡಬೇಕು.

ಕಾಲಂ ಬದಲಾದರೂ ಸಾಕು, ಚಿತ್ರ ಬದಲಾಗುತ್ತದೆ. 2013ರವರೆಗೆ ಎನ್‌ಸಿಆರ್‌ಬಿಯಲ್ಲಿ ‘ಸ್ವಯಂ ಉದ್ಯೋಗಿ, ಕೃಷಿ’ ಎಂಬ ಒಂದೇ ಕಾಲಂ ಇತ್ತು. ಆ ವರ್ಷ 11,772. 2014ರಲ್ಲಿ ಅದನ್ನು ರೈತರು, ಕೃಷಿ ಕಾರ್ಮಿಕರು ಎಂದು ಒಡೆದರು. ರೈತರು 5,650, ಕಾರ್ಮಿಕರು 6,710. ಮೊದಲ ಅಂಕಿಯನ್ನಷ್ಟೇ ಹಿಡಿದವರಿಗೆ ರೈತರ ಆತ್ಮಹತ್ಯೆ ಒಂದೇ ವರ್ಷದಲ್ಲಿ ಅರ್ಧಕ್ಕೆ ಇಳಿಯಿತು! ಎರಡನ್ನೂ ಕೂಡಿದರೆ 12,360. ಕರ್ನಾಟಕದಲ್ಲಿ ಇನ್ನೊಂದು ಜರಡಿ ಇದೆ. ಐದು ಲಕ್ಷ ರೂಪಾಯಿ ಪರಿಹಾರಕ್ಕೆ ಉಪವಿಭಾಗಾಧಿಕಾರಿಗಳ ಸಮಿತಿ ಪ್ರಕರಣವನ್ನು ಪರಿಶೀಲಿಸುತ್ತದೆ. ಪಹಣಿ ಯಾರ ಹೆಸರಲ್ಲಿದೆ, ಸಾಲ ಎಲ್ಲಿಯದು ಎಂದು ನೋಡುತ್ತದೆ. ಗದ್ದೆಯಲ್ಲಿ ಜೀವಮಾನವಿಡೀ ದುಡಿದ ಹೆಂಗಸಿನ ಹೆಸರಲ್ಲಿ ಪಹಣಿ ಇರುವುದಿಲ್ಲ, ಹಾಗಾಗಿ ಅವಳು ‘ಗೃಹಿಣಿ’ ಕಾಲಂಗೆ. ಗೇಣಿಗೆ ಮಾಡಿದವನಿಗೂ ಪಹಣಿ ಇಲ್ಲ. ಕೈಸಾಲಕ್ಕೆ ಕಾಗದವೇ ಇರುವುದಿಲ್ಲ. ಎ. ಆರ್. ವಾಸವಿ ಅವರು 1990ರ ದಶಕದ ಕೊನೆಯಲ್ಲಿ ಬೀದರ್‌ನ ರೈತರ ಸಾವುಗಳ ಬಗ್ಗೆ ಬರೆದಾಗ ಮಾರುಕಟ್ಟೆ ಮತ್ತು ಸರ್ಕಾರದ ಕಡೆ ಬೊಟ್ಟು ಮಾಡಿದರು. 2002ರಲ್ಲಿ ಸರ್ಕಾರ ನೇಮಿಸಿದ್ದ ಜಿ. ಕೆ. ವೀರೇಶ್ ಸಮಿತಿಯ ವರದಿ ಕುಡಿತ, ಕೌಟುಂಬಿಕ ಕಲಹಗಳ ಕಡೆ ಒತ್ತು ಕೊಟ್ಟು ದೊಡ್ಡ ಜಗಳಕ್ಕೇ ಕಾರಣವಾಯಿತು. ಒಂದೇ ರಾಜ್ಯದ ಸಾವುಗಳಿಗೆ ಎರಡು ಬಗೆಯ ಉತ್ತರ ಬಂದದ್ದು ಎರಡು ಬಗೆಯ ಪ್ರಶ್ನೆ ಕೇಳಿದ್ದಕ್ಕೆ. ‘ಇವನೇ ಯಾಕೆ’ ಎಂದರೆ ಕುಡಿತ ಸಿಗುತ್ತದೆ. ‘ಈಗಲೇ, ಇಲ್ಲೇ, ಇಷ್ಟು ಜನ ಯಾಕೆ’ ಎಂದರೆ ಬೆಲೆ, ಬೆಳೆ, ಸಾಲ ಸಿಗುತ್ತವೆ.

ಹುದ್ದೆ, ಪದವಿ, ಮನೆ ಬಾಗಿಲು

ವೃತ್ತಿಯ ಮೆಟ್ಟಿಲುಗಳನ್ನು ಬೇಗ ಹೇಳಿಬಿಡಬಹುದು. ಭಾರತದಲ್ಲಿ ಸಮಾಜಶಾಸ್ತ್ರದಲ್ಲಿ ಎಂ.ಎ., ಎನ್‌ಇಟಿ ಎಂಬ ಅರ್ಹತಾ ಪರೀಕ್ಷೆ, ಜೆಆರ್‌ಎಫ್ ಎಂಬ ಸಂಶೋಧನಾ ವೇತನ ಸಿಕ್ಕರೆ ತಿಂಗಳಿಗೆ 37,000 ರೂಪಾಯಿ, ಎರಡು ವರ್ಷದ ನಂತರ 42,000. ಪಿಎಚ್‌.ಡಿ.ಗೆ ಕನಿಷ್ಠ ಮೂರು, ಗರಿಷ್ಠ ಆರು ವರ್ಷ. ಬೆಂಗಳೂರಿನಲ್ಲೇ ನಾಗರಬಾವಿಯ ಐಸೆಕ್ (ಸಾಮಾಜಿಕ ಮತ್ತು ಆರ್ಥಿಕ ಬದಲಾವಣೆಯ ಅಧ್ಯಯನ ಸಂಸ್ಥೆ) ಇದೆ, ಎಪಿಡೆಮಿಯಾಲಜಿ ವಿಭಾಗವಿರುವ ನಿಮ್ಹಾನ್ಸ್ ಇದೆ. ಅಮೆರಿಕದಲ್ಲಾದರೆ ಪಿಎಚ್‌.ಡಿ. ಐದರಿಂದ ಏಳು ವರ್ಷ, ಮುಂದೆ ಒಂದೆರಡು ವರ್ಷ ಪೋಸ್ಟ್‌ಡಾಕ್ ಎಂಬ ತಾತ್ಕಾಲಿಕ ಸಂಶೋಧನಾ ಹುದ್ದೆ, ಸಹಾಯಕ ಪ್ರಾಧ್ಯಾಪಕರಾಗಿ ಆರನೆಯ ವರ್ಷದ ಹೊತ್ತಿಗೆ ಖಾಯಂ ಆಗುವುದೋ ಮನೆಗೆ ಹೋಗುವುದೋ ಎಂಬ ತೀರ್ಮಾನ.

ತೊಡಕು ಮೆಟ್ಟಿಲಲ್ಲಿಲ್ಲ, ಎರಡು ದೋಣಿಯಲ್ಲಿ ಕಾಲಿಡುವುದರಲ್ಲಿದೆ. ಸಮಾಜಶಾಸ್ತ್ರದ ಪತ್ರಿಕೆ ‘ಸಿದ್ಧಾಂತ ಎಲ್ಲಿ?’ ಎಂದು ಲೇಖನ ವಾಪಸು ಕಳಿಸುತ್ತದೆ. ಅದನ್ನೇ ವೈದ್ಯಕೀಯ ಪತ್ರಿಕೆಗೆ ಕಳಿಸಿದರೆ ‘ಪೀಠಿಕೆ ಉದ್ದವಾಯಿತು, 3,000 ಪದಕ್ಕೆ ಇಳಿಸಿ’ ಎನ್ನುತ್ತದೆ. ಸಮಾಜಶಾಸ್ತ್ರದಲ್ಲಿ ಗೌರವ ಮೊದಲ ಹೆಸರಿಗೆ, ವೈದ್ಯಕೀಯದಲ್ಲಿ ಕೊನೆಯ ಹೆಸರು ತಂಡದ ಹಿರಿಯರದು. ಒಂದು ವಿಭಾಗದ ಆಯ್ಕೆ ಸಮಿತಿಗೆ ಇನ್ನೊಂದರ ಈ ಪದ್ಧತಿ ಗೊತ್ತಿರದೆ ವರ್ಷಗಳ ದುಡಿಮೆ ಲೆಕ್ಕಕ್ಕೆ ಬಾರದೆ ಹೋಗುವುದುಂಟು. ಅರ್ಜಿಯ ಜೊತೆ ಯಾವ ಲೇಖನದಲ್ಲಿ ತಮ್ಮ ಪಾಲೇನು ಎಂದು ಒಂದೊಂದು ಸಾಲು ಬರೆದಿಡುವುದು ಜಾಣತನ.

ನಿಜವಾದ ಕಲಿಕೆ ಮನೆ ಬಾಗಿಲಲ್ಲಿ. ಸಾವಾದ ಮನೆಗೆ ಕಾಲಿಡುವ ಮೊದಲು ನೈತಿಕತಾ ಸಮಿತಿಯ ಒಪ್ಪಿಗೆ ಬೇಕು, ಅದಕ್ಕೇ ತಿಂಗಳುಗಟ್ಟಲೆ ಹಿಡಿಯುತ್ತದೆ. ಮೊದಲ ಕೆಲವು ತಿಂಗಳು ಹೋಗಬಾರದು, ವರ್ಷದ ತಿಥಿಯ ಆಸುಪಾಸಿನಲ್ಲೂ ಹೋಗಬಾರದು. ಜೀಪಿನಲ್ಲಿ ಹೋದರೆ ಪರಿಹಾರದವರು ಬಂದರು ಅಂದುಕೊಳ್ಳುತ್ತಾರೆ, ಆಮೇಲೆ ಹೇಳುವ ಮಾತೆಲ್ಲ ಪರಿಹಾರ ಸಿಗುವ ಹಾಗೆ ತಿರುಗುತ್ತದೆ. ಅಕ್ಕಪಕ್ಕದವರು ಬಂದು ಕೂರುತ್ತಾರೆ, ಸೊಸೆಯನ್ನು ಕೇಳಿದ್ದಕ್ಕೆ ಅತ್ತೆ ಉತ್ತರಿಸುತ್ತಾರೆ. ಇಬ್ಬರು ಹೋಗಿ, ಒಬ್ಬರು ಹಿರಿಯರ ಜೊತೆ ಹೊರಗೆ ಮಾತಿಗೆ ಕೂರುವುದು ಇದಕ್ಕೆ ಪರಿಹಾರ. ಪ್ರಶ್ನೆ ಸಾವಿನಿಂದ ಶುರುವಾಗಬಾರದು, ಸಾವಿನಲ್ಲಿ ಮುಗಿಯಲೂಬಾರದು. ಒಬ್ಬ ಸಂದರ್ಶಕರಿಗೆ ದಿನಕ್ಕೆ ಒಂದೇ ಮನೆ ಸಾಕು.

ಪದವೂ ಮುಖ್ಯ. ‘ಆತ್ಮಹತ್ಯೆ’ಯ ಒಳಗೇ ‘ಹತ್ಯೆ’ ಇದೆ, ಅದು ಠಾಣೆಯ ಪದ. ಮನೆಯವರು ಆ ಪದ ಆಡುವುದೇ ಅಪರೂಪ. ‘ಏನೋ ಮಾಡ್ಕೊಂಡ್ಬಿಟ್ಟ’ ಎನ್ನುತ್ತಾರೆ, ಅಥವಾ ‘ಹಂಗ್ ಮಾಡ್ಕೊಂಡ್ಳು’. ಅನುಭವಿ ಸಂದರ್ಶಕರು ಆ ‘ಹಂಗ್’ ಅನ್ನೇ ಹಿಡಿದು ಮುಂದಿನ ಪ್ರಶ್ನೆ ಕೇಳುತ್ತಾರೆ, ತಮ್ಮ ಪದ ತುರುಕುವುದಿಲ್ಲ. ಬರೆಯುವಾಗ ಹೆಸರು ಬದಲಿಸಿದರೆ ಸಾಲದು. ಜಾತಿ, ವಯಸ್ಸು, ತಾಲ್ಲೂಕು, ತಿಂಗಳು ನಾಲ್ಕೂ ಇದ್ದರೆ ಹಳೆಯ ಪತ್ರಿಕೆ ತೆಗೆದು ಯಾರಾದರೂ ಗುರುತು ಹಿಡಿಯುತ್ತಾರೆ.

ಅಂಕಿ ಮತ್ತು ಮನೆ ಬಾಗಿಲು ಎರಡನ್ನೂ ಒಂದೇ ವೃತ್ತಿಯಲ್ಲಿ ಕಾಣಬೇಕಾದರೆ ಸಮಾಜಶಾಸ್ತ್ರಜ್ಞರಾದ ಅನಾ ಮುಲ್ಲರ್ ಮತ್ತು ಸೆತ್ ಅಬ್ರುಟಿನ್ ಅವರ ಕೆಲಸ ನೋಡಬೇಕು. ಇಬ್ಬರೂ ಮೊದಲು ಹಿಡಿದದ್ದು 1994–95ರಲ್ಲಿ ಶುರುವಾದ ‘ಆ್ಯಡ್ ಹೆಲ್ತ್’ ಎಂಬ ಅಮೆರಿಕದ ಹದಿಹರೆಯದವರ ಸಮೀಕ್ಷೆಯನ್ನು. ಮಕ್ಕಳು ತಮ್ಮ ಗೆಳೆಯರ ಹೆಸರನ್ನೂ ಕೊಟ್ಟಿದ್ದರಿಂದ ಒಬ್ಬರ ಉತ್ತರವನ್ನು ಅವರ ಗೆಳೆಯರ ಉತ್ತರದ ಜೊತೆ ಹೋಲಿಸಬಹುದು. ಗೆಳೆಯನೊಬ್ಬ ಪ್ರಾಣ ಕಳೆದುಕೊಳ್ಳಲು ಯತ್ನಿಸಿದ್ದು ಗೊತ್ತಿದ್ದ ಮಕ್ಕಳಲ್ಲಿ ಆಮೇಲೆ ಅಪಾಯ ಏರಿತ್ತು, ಗೊತ್ತಿಲ್ಲದವರಲ್ಲಿ ಏರಿರಲಿಲ್ಲ. ಹಾಗಾಗಿ ಒಂದೇ ತರಹದ ಮಕ್ಕಳು ಒಂದೆಡೆ ಸೇರುತ್ತಾರೆ, ಅದಕ್ಕೇ ಹೀಗೆ ಎಂಬ ಸುಲಭದ ಉತ್ತರ ನಿಲ್ಲಲಿಲ್ಲ. ಆದರೆ ಅರಿವು ಅಪಾಯವಾಗುವುದು ಹೇಗೆ ಎಂದು ಸಮೀಕ್ಷೆ ಹೇಳದು. ಅವರು ‘ಪಾಪ್ಲರ್ ಗ್ರೋವ್’ ಎಂದು ಹೆಸರು ಬದಲಿಸಿದ ಒಂದು ಊರಿಗೆ ಹೋದರು. ಎಲ್ಲರಿಗೂ ಎಲ್ಲರ ಪರಿಚಯವಿದ್ದ, ಮಕ್ಕಳ ಓದು ಆಟಗಳ ಮೇಲೆ ಇಡೀ ಊರು ಕಣ್ಣಿಟ್ಟಿದ್ದ ಅನುಕೂಲಸ್ಥರ ಊರು. ಬೆಸುಗೆಗೆ ಏನೂ ಕೊರತೆ ಇರಲಿಲ್ಲ. ಆ ಬಿಗಿಯೇ ಮಕ್ಕಳ ಬಾಯಿ ಕಟ್ಟಿತ್ತು. ಒಂದು ಮನೆಯಲ್ಲಿ ಸೋತದ್ದು ಮರುದಿನ ಊರಿಗೆಲ್ಲ ಗೊತ್ತಾಗುವಾಗ ಸಂಕಟ ಹೇಳಿಕೊಳ್ಳುವವರಾರು? ಡರ್ಕೈಮ್‌ನ ಅಡಿಟಿಪ್ಪಣಿ ಇಲ್ಲಿ ಮತ್ತೆ ತಲೆ ಎತ್ತಿತು.

ಅನುಕರಣೆಯ ವಾದ ಹೂಡಿದ್ದ ಟಾರ್ಡ್ ಕೂಡ ಮತ್ತೆ ತಲೆ ಎತ್ತಿದ. 1974ರಲ್ಲಿ ಡೇವಿಡ್ ಫಿಲಿಪ್ಸ್ 1947ರಿಂದ 1968ರವರೆಗೆ ನ್ಯೂಯಾರ್ಕ್ ಟೈಮ್ಸ್‌ನ ಮುಖಪುಟಕ್ಕೆ ಬಂದ ಆತ್ಮಹತ್ಯೆಗಳ ಪಟ್ಟಿ ಮಾಡಿ, ಸುದ್ದಿಯ ನಂತರದ ಸಾವುಗಳನ್ನು ಹಿಂದಿನ ಮತ್ತು ಮುಂದಿನ ವರ್ಷದ ಅದೇ ತಿಂಗಳಿನ ಜೊತೆ ಹೋಲಿಸಿದರು. ಸುದ್ದಿಯ ನಂತರ ಏರಿಕೆ, ಸುದ್ದಿ ದೊಡ್ಡದಾದಷ್ಟೂ ಹೆಚ್ಚು ಏರಿಕೆ. ಪತ್ರಿಕೆಗಳಿಗೆ ವಿಶ್ವ ಆರೋಗ್ಯ ಸಂಸ್ಥೆ ಕೊಟ್ಟ ಸೂಚನೆಗಳು, ಅವನ್ನು ಆಧರಿಸಿ ಭಾರತೀಯ ಪತ್ರಿಕಾ ಮಂಡಳಿ 2019ರಲ್ಲಿ ಒಪ್ಪಿಕೊಂಡ ನಿಯಮಗಳು ಈ ಸಾಲಿನ ಸಂಶೋಧನೆಯಿಂದಲೇ ಬಂದವು: ವಿಧಾನ ಬರೆಯಬೇಡಿ, ಜಾಗದ ಫೋಟೋ ಹಾಕಬೇಡಿ, ಒಂದೇ ಕಾರಣಕ್ಕೆ ಕಟ್ಟಬೇಡಿ, ಸಹಾಯ ಎಲ್ಲಿ ಸಿಗುತ್ತದೆ ಹೇಳಿ.

ಈ ನಿಯಮ ಇಟ್ಟುಕೊಂಡು ನೋಡಿದರೆ ಜಿಲ್ಲಾ ಪುಟದ ಆ ವಾಕ್ಯದಲ್ಲಿ ಉಳಿಯುವುದು ಕಡಿಮೆ. ‘ಹೊಟ್ಟೆನೋವು ತಾಳಲಾರದೆ’ ಎಂಬುದು ಒಂದೇ ಕಾರಣಕ್ಕೆ ಕಟ್ಟುವ ಮಾತು, ಹೋಗಬೇಕು. ‘ಜೀವನದಲ್ಲಿ ಜಿಗುಪ್ಸೆಗೊಂಡು’ ಎಂಬುದು ಯಾರೂ ಆಡದ, ರೈಟರ್ ಬರೆದ ಮಾತು, ಅದೂ ಹೋಗಬೇಕು. ವಿಧಾನ ಹೋಗಬೇಕು. ಹೊಸದಾಗಿ ಸೇರಬೇಕಾದದ್ದು ಒಂದೇ ಸಾಲು: ‘ಮನಸ್ಸಿಗೆ ತೀರ ಕಷ್ಟವಾಗಿದ್ದರೆ ಟೆಲಿ ಮಾನಸ್ ಸಹಾಯವಾಣಿ 14416ಕ್ಕೆ ಕರೆ ಮಾಡಿ, ಉಚಿತ, ದಿನದ 24 ಗಂಟೆ, ಕನ್ನಡದಲ್ಲೂ ಮಾತಾಡಬಹುದು.’